ತಡವಾದದ್ದಕ್ಕೆ ಕಾರಣ

ಮೂವತ್ತು ವರ್ಷದಿಂದ ಮಕ್ಕಳ ರಜಾ ಚೀಟಿಗಳನ್ನು ಓದುತ್ತ ಬಂದವಳು ನಾನು. ನಾನು ಮಾಡಿದ ಪಾಠ ಮಕ್ಕಳ ತಲೆಯಲ್ಲಿ ಎಷ್ಟು ಉಳಿದಿದೆಯೋ ದೇವರೇ ಬಲ್ಲ, ಅವರ ಚೀಟಿಗಳು ಮಾತ್ರ ನನ್ನ ತಲೆಯಲ್ಲಿ ಚೆನ್ನಾಗಿ ಉಳಿದಿವೆ. ‘ನನಗೆ ಜ್ವರ ಬಂದಿದ್ದರಿಂದ ನಿನ್ನೆ ಶಾಲೆಗೆ ಬರಲಾಗಲಿಲ್ಲ, ಕ್ಷಮಿಸಬೇಕಾಗಿ ವಿನಂತಿ.’ ಜ್ವರ ಬಂದದ್ದು ಸೋಮವಾರ, ಪಕ್ಕದೂರಿನ ತೇರು ಎಳೆದ ಮರುದಿನ. ಒಬ್ಬ ಹುಡುಗನ ಅಜ್ಜಿಯಂತೂ ಎಂಟನೆಯ ಇಯತ್ತೆಯಿಂದ ಹತ್ತನೆಯದಕ್ಕೆ ಬರುವಷ್ಟರಲ್ಲಿ ಮೂರು ಸಲ ತೀರಿಕೊಂಡಿದ್ದಳು. ಕೊನೆಗೆ ಆಕೆಯೇ ಕೋಲೂರಿಕೊಂಡು ಬಂದು ಮೊಮ್ಮಗನ ಅಂಕಪಟ್ಟಿಯನ್ನು ಒಯ್ದಳು. ನಾನು ಒಮ್ಮೊಮ್ಮೆ ನಗುತ್ತಿದ್ದೆ, ಒಮ್ಮೊಮ್ಮೆ ಗದರುತ್ತಿದ್ದೆ. ‘ಮನಸ್ಸಾಗಲಿಲ್ಲ, ಅದಕ್ಕೆ ಬರಲಿಲ್ಲ ಅಂತ ಬರೆದು ತಾ, ಒಂದು ಮಾತೂ ಅನ್ನುವುದಿಲ್ಲ’ ಎಂದು ಎಷ್ಟು ಮಕ್ಕಳಿಗೆ ಹೇಳಿದ್ದೇನೋ ಲೆಕ್ಕವಿಲ್ಲ. ಹಾಗೆ ಬರೆದು ತಂದವರು ಒಬ್ಬರೂ ಇಲ್ಲ.

ಹೀಗಿರುವಾಗ 2018ರ ಏಪ್ರಿಲ್ ತಿಂಗಳ ಒಂದು ಮಧ್ಯಾಹ್ನ ವಕೀಲರೊಬ್ಬರು ಟೈಪು ಮಾಡಿದ ಎರಡು ಹಾಳೆಗಳನ್ನು ನನ್ನ ಮುಂದಿಟ್ಟು ಸಹಿ ಮಾಡಿ ಎಂದರು. ಓದಿ ನೋಡಿದೆ. ಫಿರ್ಯಾದಿಯಾದ ನಾನು ಕಾಮಾಲೆಯಿಂದ ನರಳುತ್ತಿದ್ದೆನಂತೆ. ವೈದ್ಯರು ಪೂರ್ಣ ವಿಶ್ರಾಂತಿ ಹೇಳಿದ್ದರಂತೆ. ತವರುಮನೆಯಲ್ಲಿ ಹಾಸಿಗೆ ಹಿಡಿದಿದ್ದೆನಂತೆ. ಆ ಕಾರಣದಿಂದ ಮೇಲ್ಮನವಿ ಸಲ್ಲಿಸುವುದು ತಡವಾಯಿತಂತೆ. ಈ ವಿಳಂಬವು ಉದ್ದೇಶಪೂರ್ವಕವಲ್ಲವಾದ್ದರಿಂದ ಮಾನ್ಯ ನ್ಯಾಯಾಲಯವು ಅದನ್ನು ಮನ್ನಿಸಬೇಕಂತೆ. ನನ್ನ ಹೆಸರು, ವಯಸ್ಸು, ಉದ್ಯೋಗ ಎಲ್ಲವೂ ಸರಿಯಾಗಿತ್ತು. ಕಾಮಾಲೆಯೊಂದು ಮಾತ್ರ ನನ್ನದಾಗಿರಲಿಲ್ಲ.

‘ಆರು ತಿಂಗಳು ಕಾಮಾಲೆ ಇರ್ತದೇನ್ರಿ ವಕೀಲ್ರೇ?’ ಎಂದೆ.

‘ಮೇಡಂ, ಎಲ್ಲಾರೂ ಬರಿಯೂದು ಇದನ್ನ. ಡಾಕ್ಟರ್ ಸರ್ಟಿಫಿಕೇಟ್ ನಾ ತರಸ್ತೀನಿ. ಅದರ ಚಿಂತಿ ನಿಮಗ ಬ್ಯಾಡ’ ಎಂದರು.

ನಾನು ಅಲ್ಲಿಗೆ ಹೇಗೆ ಬಂದು ಕುಳಿತೆ ಎಂಬುದನ್ನು ಮೊದಲಿನಿಂದ ಹೇಳಿಬಿಡುತ್ತೇನೆ.

ನಮ್ಮದು ಹಾವೇರಿ ಜಿಲ್ಲೆಯ ಒಂದು ತಾಲೂಕಿನ ಊರು. ನಮ್ಮ ಓಣಿಯ ತಿರುವಿನಲ್ಲಿ ಬಟ್ಟೆ ಅಂಗಡಿ ಇಟ್ಟುಕೊಂಡಿದ್ದ ಒಬ್ಬಾತ 2014ರ ಯುಗಾದಿಯ ಹೊತ್ತಿಗೆ, ಮದುವೆಯ ಸುಗ್ಗಿಗೆ ಮಾಲು ತರಬೇಕೆಂದು ಒಂದೂವರೆ ಲಕ್ಷ ರೂಪಾಯಿ ಕೇಳಿದ. ಅವನ ಹೆಂಡತಿ ನನ್ನ ಜೊತೆ ಶ್ರಾವಣ ಸೋಮವಾರ ಗುಡಿಗೆ ಬರುವವಳು, ಮಗಳು ನಮ್ಮ ಶಾಲೆಯಲ್ಲಿಯೇ ಒಂಬತ್ತನೆಯ ತರಗತಿ. ಮನೆಯ ಮೇಲೆ ಒಂದು ಕೋಣೆ ಕಟ್ಟಿಸಬೇಕೆಂದು ನಾನು ಕೂಡಿಸಿಟ್ಟ ಹಣವಿತ್ತು. ನಮ್ಮವರು ಬೇಡವೆಂದರು. ನಾನು ಕೊಟ್ಟೆ. ಹಣವನ್ನು ಧರ್ಮಕ್ಕೇನೂ ಕೊಡಲಿಲ್ಲ, ನೂರಕ್ಕೆ ತಿಂಗಳಿಗೆ ಎರಡು ರೂಪಾಯಿ ಬಡ್ಡಿಯ ಮಾತಾಗಿತ್ತು. ಇದನ್ನು ಇಲ್ಲಿ ಬರೆಯದೆ ಬಿಡಬಹುದಿತ್ತು, ಬಿಟ್ಟರೆ ನನ್ನ ಚಿತ್ರ ಇನ್ನಷ್ಟು ಚೆನ್ನಾಗಿ ಕಾಣುತ್ತಿತ್ತು. ಆದರೆ ಮಕ್ಕಳ ಚೀಟಿಗಳನ್ನು ಆಡಿಕೊಂಡ ಮೇಲೆ ನಾನೂ ಸ್ವಲ್ಪ ನೆಟ್ಟಗೆ ನಡೆಯಬೇಕಲ್ಲ!

ಏಳು ತಿಂಗಳು ಬಡ್ಡಿ ಬಂತು. ಆಮೇಲೆ ನಿಂತಿತು. ಕೇಳಿ ಕೇಳಿ ಸಾಕಾದ ಮೇಲೆ 2015ರ ಫೆಬ್ರವರಿಯಲ್ಲಿ ಅಸಲಿಗೆಂದು ಒಂದು ಚೆಕ್ ಬರೆದುಕೊಟ್ಟ. ಬ್ಯಾಂಕಿಗೆ ಹಾಕಿದರೆ ಖಾತೆಯಲ್ಲಿ ಹಣವಿಲ್ಲವೆಂದು ಚೀಟಿ ಸಮೇತ ಹಿಂದಿರುಗಿತು.

ಚೆಕ್ ಹಿಂದಿರುಗುವುದು ನಮ್ಮ ದೇಶದಲ್ಲಿ ಅಪರಾಧವಾದದ್ದು 1989ರ ಏಪ್ರಿಲ್ ಒಂದರಿಂದ. ಅದಕ್ಕೆ ಮೊದಲು ಅದು ಬರೀ ಸಾಲದ ವ್ಯವಹಾರವಾಗಿತ್ತು. ಈಗ ಬ್ಯಾಂಕಿನಿಂದ ತಿಳಿದ 30 ದಿನಗಳೊಳಗೆ ನೋಟೀಸು ಕೊಡಬೇಕು, ನೋಟೀಸು ಮುಟ್ಟಿದ 15 ದಿನಗಳೊಳಗೆ ಅವರು ಹಣ ಕೊಡದಿದ್ದರೆ ಅಲ್ಲಿಂದ ಒಂದು ತಿಂಗಳೊಳಗೆ ಫಿರ್ಯಾದು ಹಾಕಬೇಕು. ಈ ದಿನಗಳನ್ನೆಲ್ಲ ನಾನು ಬೆರಳು ಮಡಿಸಿ ಎಣಿಸಿದ್ದೆ. ಗೋಡೆಯ ಕ್ಯಾಲೆಂಡರಿನಲ್ಲಿ ಕೆಂಪು ಶಾಯಿಯಿಂದ ಗುರುತು ಹಾಕಿದ್ದೆ. ಸಿಟ್ಟು ಬಿಸಿಯಾಗಿರುವಾಗ ಯಾರಿಗೂ ದಿನ ತಪ್ಪುವುದಿಲ್ಲ ನೋಡಿ. ಏಪ್ರಿಲ್‌ನಲ್ಲಿ ಜೆ.ಎಂ.ಎಫ್.ಸಿ. ಕೋರ್ಟಿನಲ್ಲಿ ಫಿರ್ಯಾದು ದಾಖಲಾಯಿತು. ಕಟಕಟೆಯಲ್ಲಿ ನಿಂತು ಪ್ರಮಾಣ ಮಾಡಿ ಹೇಳಿಕೆ ಕೊಟ್ಟು ಬಂದ ದಿನ, ಹಣ ಬಂದಷ್ಟೇ ಸಮಾಧಾನವಾಗಿತ್ತು.

ಆಮೇಲೆ ತಾರೀಖುಗಳು ಶುರುವಾದವು. ಸಮನ್ಸು ಎರಡು ಸಲ ಮರಳಿ ಬಂತು. ಎಂಟು ತಿಂಗಳಿಗೆ ಆತ ಹಾಜರಾದ, ಜಾಮೀನು ಪಡೆದ, ತಪ್ಪೊಪ್ಪಿಲ್ಲವೆಂದ. ಚೆಕ್ಕನ್ನು ಭದ್ರತೆಗೆಂದು ಖಾಲಿ ಕೊಟ್ಟಿದ್ದೆನೆಂದ. ಮುಂದೆ ನಮ್ಮ ವಕೀಲರಿಗೆ ಬೇರೆ ಕೋರ್ಟಿನಲ್ಲಿ ಕೆಲಸ, ಅವರ ವಕೀಲರಿಗೆ ಮೈ ಸರಿಯಿಲ್ಲ, ನ್ಯಾಯಾಧೀಶರ ವರ್ಗಾವಣೆ, ಹೊಸಬರು ಬರುವವರೆಗೆ ಇನ್ಯಾರಿಗೋ ಪ್ರಭಾರ. ‘ಗೆದ್ದವ ಸೋತ, ಸೋತವ ಸತ್ತ’ ಎಂಬ ಗಾದೆಯನ್ನು ನಾನು ತರಗತಿಯಲ್ಲಿ ವಿಸ್ತರಿಸಿ ಬರೆಯಿಸಿದವಳು. ಕೋರ್ಟಿನ ಬೇವಿನ ಮರದ ಕೆಳಗೆ ಕುಳಿತ ಮೇಲೆ ಅದಕ್ಕೆ ವಿಸ್ತರಣೆ ಬೇಕಿಲ್ಲವೆಂದು ಗೊತ್ತಾಯಿತು.

2017ರ ಏಪ್ರಿಲ್ ತಾರೀಖಿಗೆ ನಾನು ಹೋಗಲಿಲ್ಲ, ಎಸ್ಸೆಸ್ಸೆಲ್ಸಿ ಉತ್ತರಪತ್ರಿಕೆಗಳ ಮೌಲ್ಯಮಾಪನವಿತ್ತು. ಜೂನ್ ತಾರೀಖಿಗೂ ಹೋಗಲಿಲ್ಲ, ಶಾಲೆ ಆರಂಭವಾಗಿ ದಾಖಲಾತಿಯ ಗದ್ದಲವಿತ್ತು. ಆಗಸ್ಟ್ 10ಕ್ಕೆ ಹೋಗಬಹುದಾಗಿತ್ತು. ನೆನಪೂ ಇತ್ತು. ಬೆಳಿಗ್ಗೆ ಮಳೆ ಹಿಡಿದಿತ್ತು, ‘ವಕೀಲರು ಹೇಗೂ ಇರುತ್ತಾರೆ’ ಎಂದುಕೊಂಡೆ. ವಕೀಲರು ‘ಮೇಡಂ ಹೇಗೂ ಬರುತ್ತಾರೆ’ ಎಂದುಕೊಂಡಿದ್ದರಂತೆ. ಮೂರು ಸಲ ಕೂಗಿದರಂತೆ. ಆತ ಮಾತ್ರ ಕೈಕಟ್ಟಿ ನಿಂತಿದ್ದ. ಫಿರ್ಯಾದಿ ಸತತ ಗೈರುಹಾಜರೆಂದು ನ್ಯಾಯಾಧೀಶರು ಆರೋಪಿಯನ್ನು ಖುಲಾಸೆ ಮಾಡಿದರು.

ನನಗೆ ಆಶ್ಚರ್ಯವಾದದ್ದು ಇಲ್ಲಿ. ಕೇಸು ವಜಾ ಆದರೆ ಇನ್ನೊಮ್ಮೆ ಹಾಕಿದರಾಯಿತು ಎಂದು ತಿಳಿದಿದ್ದೆ. ಹಾಗಿಲ್ಲ. ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ 256ನೆಯ ಕಲಮಿನ ಪ್ರಕಾರ ಫಿರ್ಯಾದಿ ಬಾರದಿದ್ದರೆ ನ್ಯಾಯಾಧೀಶರು ತಾರೀಖು ಮುಂದೂಡಬಹುದು, ಇಲ್ಲವೇ ಆರೋಪಿಯನ್ನು ಖುಲಾಸೆ ಮಾಡಬಹುದು. ಖುಲಾಸೆ ಎಂದರೆ ಖುಲಾಸೆಯೇ. ಸಾಕ್ಷ್ಯವನ್ನು ಯಾರೂ ತೂಗಿ ನೋಡಿರುವುದಿಲ್ಲ, ಆದರೂ ಅದೇ ಅಪರಾಧಕ್ಕೆ ಅವನನ್ನು ಮತ್ತೆ ವಿಚಾರಣೆಗೆ ಎಳೆಯುವಂತಿಲ್ಲ. ಉಳಿದ ಒಂದೇ ದಾರಿಯೆಂದರೆ ಹೈಕೋರ್ಟಿಗೆ ಹೋಗಿ ವಿಶೇಷ ಅನುಮತಿ ಕೇಳಿ ಮೇಲ್ಮನವಿ ಹಾಕುವುದು. ಅದಕ್ಕೆ 378ನೆಯ ಕಲಮು ಕೊಟ್ಟದ್ದು 60 ದಿನ. ಫಿರ್ಯಾದಿ ಸರ್ಕಾರಿ ನೌಕರನಾಗಿ ಸರ್ಕಾರದ ಕೆಲಸದ ಮೇಲೆ ಫಿರ್ಯಾದು ಕೊಟ್ಟಿದ್ದರೆ ಆರು ತಿಂಗಳು, ನಮ್ಮಂಥವರಿಗೆ 60 ದಿನ.

ಖುಲಾಸೆಯಾದ ಸುದ್ದಿಯನ್ನು ನಮ್ಮ ವಕೀಲರು ಎರಡೇ ವಾರದಲ್ಲಿ ಫೋನು ಮಾಡಿ ಹೇಳಿದ್ದರು. ‘ನಕಲು ತೆಗಸ್ತೀನಿ, ಧಾರವಾಡಕ್ಕ ಹೋಗಬೇಕಾಗ್ತದ, ಬೇಗ ಬರ್ರಿ’ ಎಂದಿದ್ದರು. ಧಾರವಾಡವೇನು ದೂರದ ಮಾತಲ್ಲ. ಒಂದು ಕಾಲದಲ್ಲಿ ನಮ್ಮ ಕಡೆಯವರು ಹೈಕೋರ್ಟಿಗೆಂದರೆ ಬುತ್ತಿ ಕಟ್ಟಿಕೊಂಡು ರಾತ್ರಿಯೆಲ್ಲ ಪ್ರಯಾಣ ಮಾಡಿ ಬೆಂಗಳೂರಿಗೆ ಹೋಗಬೇಕಾಗಿತ್ತು. 2008ರಲ್ಲಿ ಧಾರವಾಡದಲ್ಲಿ ಪೀಠವಾದ ಮೇಲೆ ಬೆಳಿಗ್ಗೆ ಹೋಗಿ ಸಂಜೆ ದೀಪ ಹಚ್ಚುವ ಹೊತ್ತಿಗೆ ಮನೆಗೆ ಬರಬಹುದು. ನಾನು ‘ಮುಂದಿನ ವಾರ’ ಎಂದೆ. ಗಣಪತಿ ಬಂದ, ಹೋದ. ದಸರಾ ರಜೆಯಲ್ಲಿ ಮಗಳ ಬಾಣಂತನ. ದೀಪಾವಳಿಗೆ ಸುಣ್ಣ ಹೊಡೆಸುವಾಗ ಕ್ಯಾಲೆಂಡರು ಕೆಳಗಿಳಿಸಿದೆ, ಕೆಂಪು ಗುರುತು ಹಾಕುವ ಅಭ್ಯಾಸ ಯಾವಾಗಲೋ ಬಿಟ್ಟುಹೋಗಿತ್ತು. ಹಾಗೆ ನೋಡಿದರೆ ಇವೆಲ್ಲ ಕಾರಣಗಳೇ ಅಲ್ಲ. ಬಾಣಂತನದ ನಡುವೆಯೂ ನಾನು ಎರಡು ಸಲ ಹುಬ್ಬಳ್ಳಿಗೆ ಹೋಗಿ ಬಂದಿದ್ದೆ, ಮೊಮ್ಮಗಳ ತೊಟ್ಟಿಲಿಗೆ, ಸೀರೆಗೆ. ಹುಬ್ಬಳ್ಳಿಗೂ ಧಾರವಾಡಕ್ಕೂ ನಡುವೆ ಎಷ್ಟು ದೂರವಿದೆ, ನೀವೇ ಹೇಳಿ.

ಮತ್ತೆ ಎಚ್ಚರವಾದದ್ದು 2018ರ ಏಪ್ರಿಲ್‌ನಲ್ಲಿ, ಆತ ಅಂಗಡಿಗೆ ಹೊಸ ಗಾಜಿನ ಬಾಗಿಲು ಹಾಕಿಸಿದ್ದನ್ನು ಕಂಡಾಗ. ಹೊಟ್ಟೆಯಲ್ಲಿ ಬೆಂಕಿ ಬಿದ್ದಂತಾಯಿತು. ನನ್ನ ಮೇಲಿನ ಕೋಣೆ ಅವನ ಬಾಗಿಲಾಗಿ ನಿಂತಿದೆ ಎನ್ನಿಸಿತು. ಬೇರೆ ವಕೀಲರ ಬಳಿಗೆ ಓಡಿದೆ. ನಕಲಿಗೆ ಹಿಡಿದ ದಿನಗಳನ್ನು ಕಳೆದು ಅವರು ಲೆಕ್ಕ ಹಾಕಿದರು, ಗಡುವಿನ ಮೇಲೆ 180 ದಿನ. ಹಣ ವಸೂಲಿಗೆ ಸಿವಿಲ್ ದಾವೆ ಹಾಕಲು ಇದ್ದ ಮೂರು ವರ್ಷದ ಅವಧಿಯೂ ಆ ಫೆಬ್ರವರಿಗೇ ತೀರಿತ್ತು. ಆಗ ಬಂದದ್ದು ಕಾಮಾಲೆ.

ಸಹಿ ಹಾಕಲು ನಾನು ಹಿಂಜರಿದೆ ಎಂದರೆ ನನ್ನನ್ನು ಹರಿಶ್ಚಂದ್ರನ ತಂಗಿ ಎಂದುಕೊಳ್ಳಬೇಡಿ. ಮೊದಲು ಬಂದದ್ದು ಭಯ. ಶಾಲೆಯ ಹಾಜರಿ ಪುಸ್ತಕದಲ್ಲಿ ಆ ಆರು ತಿಂಗಳೂ ನನ್ನ ಸಹಿ ಸಾಲಾಗಿ ಇತ್ತು. ಎದುರಿನ ವಕೀಲರು ಅದನ್ನು ತರಿಸಿದರೆ? ನಾಚಿಕೆ ಬಂದದ್ದು ಆಮೇಲೆ, ಮನೆಗೆ ಬಂದು ಹಾಳೆಗಳನ್ನು ಟ್ರಂಕಿನಲ್ಲಿಟ್ಟು ಅನ್ನಕ್ಕೆ ಇಟ್ಟ ಮೇಲೆ.

ಕಾನೂನು ತಡವಾಗಿ ಬಂದವರ ವಿಷಯದಲ್ಲಿ ಎಷ್ಟು ಕಠಿಣ ಎಂಬ ಪ್ರಶ್ನೆಗೆ ಒಂದು ಚರಿತ್ರೆಯೇ ಇದೆ. ಸಮಾಜ ವಿಜ್ಞಾನ ಹೇಳುವವಳಾದ್ದರಿಂದ ಅದನ್ನು ಹುಡುಕಿ ಓದದೆ ನನಗೆ ಸಮಾಧಾನವಾಗಲಿಲ್ಲ. 1898ರ ಸಂಹಿತೆಯಲ್ಲಿ ಖುಲಾಸೆಯ ಮೇಲೆ ಅಪೀಲು ಹೋಗುವ ಅಧಿಕಾರವಿದ್ದದ್ದು ಸರ್ಕಾರಕ್ಕೆ ಮಾತ್ರ. ಖಾಸಗಿ ಫಿರ್ಯಾದಿಗೆ, ಅದೂ ವಿಶೇಷ ಅನುಮತಿ ಬೇಡಿ, ಬಾಗಿಲು ತೆರೆದದ್ದು 1955ರ ತಿದ್ದುಪಡಿಯಿಂದ. 1960ರ ದಶಕದಲ್ಲಿ ಸುಪ್ರೀಂ ಕೋರ್ಟು, ಆಗಿನ ಕಾಯಿದೆಯನ್ನು ನೋಡಿ, ಆ 60 ದಿನ ಮೀರಿದರೆ ಮೀರಿದ್ದೇ, ಯಾವ ಕಾರಣವನ್ನೂ ಕೇಳುವಂತಿಲ್ಲ ಎಂದಿತ್ತು. 1963ರಲ್ಲಿ ಹೊಸ ಅವಧಿ ಕಾಯಿದೆ ಬಂದಿತು, 1970ರ ದಶಕದಲ್ಲಿ ಅದೇ ಕೋರ್ಟು, ಸಾಕಷ್ಟು ಕಾರಣವಿದ್ದರೆ ಮನ್ನಿಸಬಹುದು ಎಂದು ದಾರಿ ಬಿಟ್ಟಿತು. 1987ರಲ್ಲಿ ಕಾಶ್ಮೀರದ ಒಂದು ಭೂಸ್ವಾಧೀನದ ವ್ಯಾಜ್ಯದಲ್ಲಿ, ಕೇವಲ ನಾಲ್ಕು ದಿನ ತಡವಾದದ್ದಕ್ಕೆ ಅಪೀಲು ತಳ್ಳಿಹಾಕಿದ್ದನ್ನು ಒಪ್ಪದೆ, ದಿನದಿನಕ್ಕೆ ಲೆಕ್ಕ ಕೇಳುತ್ತ ಕೂರಬಾರದು, ತಡವಾಗಿ ಬಂದು ಲಾಭ ಪಡೆಯುವವರು ಯಾರೂ ಇಲ್ಲ ಎಂಬರ್ಥದ ಉದಾರ ಮಾತನ್ನು ಹೇಳಿತು. ನಮ್ಮ ವಕೀಲರಿಗೆ ಈ ತೀರ್ಪು ಬಾಯಿಪಾಠ. ಆದರೆ 2012ರಲ್ಲಿ ಸರ್ಕಾರಿ ಇಲಾಖೆಯೊಂದು ಒಂದು ವರ್ಷಕ್ಕೂ ಮೀರಿ ತಡಮಾಡಿ ಬಂದು ‘ಕಡತ ಮೇಜಿನಿಂದ ಮೇಜಿಗೆ ಹೋಗುತ್ತಿತ್ತು’ ಎಂದಾಗ, ಅದು ಕಾರಣವೇ ಅಲ್ಲವೆಂದು ಹೊರಗೆ ಕಳಿಸಿದ್ದೂ ಅದೇ ಕೋರ್ಟು.

ಇವುಗಳಲ್ಲಿ ಕೆಲವು ಭೂಮಿ, ಹಣಕಾಸಿನ ವ್ಯಾಜ್ಯಗಳು. ಕ್ರಿಮಿನಲ್ ಖುಲಾಸೆಯಲ್ಲಿ ತಕ್ಕಡಿಯ ಇನ್ನೊಂದು ತಟ್ಟೆಯಲ್ಲಿ ಇರುವುದು ಭೂಮಿಯಲ್ಲ, ಒಬ್ಬ ಮನುಷ್ಯ. 2007ರಲ್ಲಿ ಕರ್ನಾಟಕದಿಂದಲೇ ಹೋದ ಒಂದು ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು ಹೇಳಿದ್ದು ನನಗೆ ಚೆನ್ನಾಗಿ ಹಿಡಿಸಿತು. ತಪ್ಪು ಸಿದ್ಧವಾಗುವವರೆಗೆ ಎಲ್ಲರೂ ನಿರಪರಾಧಿಗಳು ಎಂಬುದು ಒಂದು ಕವಚ. ಒಂದು ನ್ಯಾಯಾಲಯ ಖುಲಾಸೆ ಮಾಡಿದ ಮೇಲೆ ಆ ಕವಚ ಇಮ್ಮಡಿ ಗಟ್ಟಿಯಾಗುತ್ತದೆ.

ಇದನ್ನು ನನ್ನ ಸಹೋದ್ಯೋಗಿ ಗಣಿತದ ಟೀಚರಿಗೆ ಹೇಳಿದಾಗ ಆಕೆ ಚಾಕ್‌ಪೀಸು ಕೆಳಗಿಟ್ಟು ರೇಗಿದಳು. ‘ಹಣ ನುಂಗಿದಾವ್ಗ ಕವಚ ಯಾಕ್ರಿ? ಸತ್ಯ ನಿಮ್ಮ ಕಡೆ ಐತೋ ಇಲ್ಲೋ? ಐತಿ ಅಂದಮ್ಯಾಲೆ ಆರು ತಿಂಗಳಾದ್ರೇನು, ಆರು ವರ್ಷಾದ್ರೇನು?’

ಮಾತು ಸರಿಯಾಗಿಯೇ ಇದೆ, ಎರಡಕ್ಕೆ ಎರಡು ಕೂಡಿಸಿದರೆ ಎಂದೂ ನಾಲ್ಕೇ. ನಾನು ಉತ್ತರ ಹೇಳಲಾಗದೆ ಸುಮ್ಮನಾದೆ. ಉತ್ತರದ ಹಾಗೆ ಕಂಡದ್ದು ಎರಡು ದಿನದ ಮೇಲೆ, ಹಾಲಿನ ಕೇಂದ್ರದ ಮುಂದೆ. ಆತನ ಹೆಂಡತಿ ಸಿಕ್ಕಳು. ಮೂರು ವರ್ಷ ನನ್ನನ್ನು ಕಂಡರೆ ಸೆರಗು ಮುಂದೆಳೆದು ಪಕ್ಕದ ಓಣಿಗೆ ತಿರುಗುತ್ತಿದ್ದವಳು, ಅಂದು ತಾನಾಗಿಯೇ ನಿಂತಳು.

‘ಅಕ್ಕೋರ, ನಿಮ್ಮ ರೊಕ್ಕ ನಾವು ಕೊಡಬೇಕು, ಇಲ್ಲ ಅನ್ನಂಗಿಲ್ಲ. ಆದ್ರ ಆ ಕೇಸ್ ತಗದು ನೀವು ಪುಣ್ಯಾ ಕಟಗೊಂಡ್ರಿ. ತಾರೀಖಿನ ಹಿಂದಿನ ರಾತ್ರಿ ಅವರು ಮಲಗ್ತಿದ್ದಿಲ್ರಿ. ಈಗ ಮಗಳಿಗೆ ವರ ನೋಡಾಕತ್ತೇವಿ. ಕೋರ್ಟು ಕಚೇರಿ ಏನರ ಐತೇನು ಅಂತ ಕೇಳಿದ್ರು, ಎಲ್ಲಾ ಮುಗದೈತಿ ಅಂತ ಹೇಳೇವಿ’ ಎಂದಳು.

ನಾನು ಕೇಸು ತೆಗೆದಿರಲಿಲ್ಲ. ಅದು ನನ್ನ ಕೈಯಿಂದ ಜಾರಿ ಬಿದ್ದಿತ್ತು. ಅದನ್ನೇ ಆಕೆ ಪುಣ್ಯವೆಂದು ನನ್ನ ಉಡಿಯಲ್ಲಿ ಹಾಕುತ್ತಿದ್ದಳು, ಮತ್ತು ನಾನು, ಹೇಳಿಕೊಳ್ಳಲು ನಾಚಿಕೆಯಾಗುತ್ತದೆ, ‘ಇರಲಿ ಬಿಡವ್ವ’ ಎಂದು ಅದನ್ನು ತೆಗೆದುಕೊಂಡುಬಿಟ್ಟೆ. ಟ್ರಂಕಿನಲ್ಲಿ ಕಾಮಾಲೆಯ ಹಾಳೆಗಳು ಇನ್ನೂ ಬಿಸಿಯಾಗಿದ್ದವು.

ಆ ರಾತ್ರಿ ಯೋಚಿಸಿದೆ. ಆತ ಸಾಲಗಾರನೇ ಇರಬಹುದು, ಸುಳ್ಳುಗಾರನೂ ಇರಬಹುದು. ಆದರೆ ಒಂದೂವರೆ ವರ್ಷಕ್ಕೂ ಮೀರಿ ಪ್ರತಿ ತಾರೀಖಿಗೆ ಅಂಗಡಿ ಮುಚ್ಚಿ, ಹನ್ನೊಂದರಿಂದ ಐದರವರೆಗೆ ಆ ಬೆಂಚಿನ ಮೇಲೆ ಕುಳಿತಿದ್ದ. ಅವನು ಒಂದು ಸಲ ತಪ್ಪಿಸಿದ್ದರೆ ವಾರಂಟು ಹೊರಡುತ್ತಿತ್ತು. ನಾನು ಮೂರು ಸಲ ತಪ್ಪಿಸಿದರೂ ಮಳೆ, ಮೌಲ್ಯಮಾಪನ ಎಂದು ಹೇಳಿಕೊಂಡು ಮನೆಯಲ್ಲಿರಬಹುದಾಗಿತ್ತು. ಫಿರ್ಯಾದು ಎಂಬುದು ಬರೀ ಕಾಗದವಲ್ಲ, ಇನ್ನೊಬ್ಬರ ಮನೆಯ ಅಂಗಳದಲ್ಲಿ ನಾವು ಕಟ್ಟಿ ಬಂದ ದನ. ಮೇವು ನೀರು ನೋಡುವ ಹೊಣೆ ಕಟ್ಟಿದವರದು. ನೋಡದೆ ಬಿಟ್ಟು, ಅದು ಕಣ್ಣಿ ಬಿಚ್ಚಿಕೊಂಡು ಹೋದ ಮೇಲೆ ಆ ಮನೆಯವರು ಅಂಗಳ ಸಾರಿಸಿ ರಂಗೋಲಿ ಹಾಕಿಕೊಂಡಿದ್ದಾರೆ. ಆರು ತಿಂಗಳ ನಂತರ ಮತ್ತೆ ಹಗ್ಗ ಹಿಡಿದು ಹೋಗಿ ‘ದನ ನನ್ನದು, ನಿಜವಾಗಿಯೂ ನನ್ನದು’ ಎಂದರೆ, ನಿಜವೇ. ಆದರೆ ಅಂಗಳ ಯಾರದು?

ಹಾಗಾದರೆ ತಡವಾದವರೆಲ್ಲ ಮನೆಗೆ ಹೋಗಬೇಕೆ? ಹಾಗೆಂದು ಮೊದಲು ನಾನೂ ತೀರ್ಮಾನಿಸಿಬಿಟ್ಟಿದ್ದೆ. ನಮ್ಮ ಶಾಲೆಯ ಬಿಸಿಯೂಟದ ಅಡುಗೆಯಾಕೆ ನನ್ನ ತೀರ್ಮಾನವನ್ನು ಕೆಡಿಸಿದಳು.

ಆಕೆ ವಿಧವೆ. ಗಂಡನ ಪಾಲಿನ ಹೊಲ ಕೇಳಿದ್ದಕ್ಕೆ ಮೈದುನ ಬಡಿಗೆಯಿಂದ ಹೊಡೆದು ಆಕೆಯ ಎಡಗೈ ಮುರಿದಿದ್ದ. ಪೊಲೀಸು ಕೇಸಾಯಿತು. ಒಂದು ದಿನ ಕೋರ್ಟಿಗೆ ಕರೆಸಿ ಆಕೆಯ ಸಾಕ್ಷಿ ತೆಗೆದುಕೊಂಡರು, ‘ಹೋಗವ್ವ, ಬೇಕಾದ್ರ ಕರೀತೇವಿ’ ಎಂದರು. ಆಕೆ ಕರೆಯುತ್ತಾರೆಂದು ಕಾದಳು. ಅಷ್ಟರಲ್ಲಿ ಅಕ್ಕಪಕ್ಕದ ಹೊಲದ ಸಾಕ್ಷಿಗಳು ತಿರುಗಿ ಬಿದ್ದರು, ಮೈದುನ ಖುಲಾಸೆಯಾದ. ಸರ್ಕಾರ ಅಪೀಲು ಹೋಗಲಿಲ್ಲ. ಆಕೆಗೆ ಯಾರೂ ಹೇಳಲಿಲ್ಲ. ಎಂಟು ತಿಂಗಳ ಮೇಲೆ ಗಿರಣಿಯಲ್ಲಿ ಜೋಳ ಬೀಸಿಸುವಾಗ ಯಾರೋ ಇನ್ನೊಬ್ಬರಿಗೆ ಹೇಳುತ್ತಿದ್ದದ್ದು ಕಿವಿಗೆ ಬಿತ್ತು.

ಇದು 2019ರ ಮಾತು. ನನ್ನ ಕಾನೂನು ಜ್ಞಾನ ಆಗ ಹೊಸದಾಗಿತ್ತಲ್ಲ, ಆಕೆಯನ್ನು ಕೂರಿಸಿಕೊಂಡು ಹೇಳಿದೆ. 2009ರ ಡಿಸೆಂಬರ್ 31ರಿಂದ ಜಾರಿಗೆ ಬಂದ ತಿದ್ದುಪಡಿಯಂತೆ, ಪೊಲೀಸು ಕೇಸಾದರೂ ನೊಂದವರು ತಾವೇ ಖುಲಾಸೆಯ ಮೇಲೆ ಅಪೀಲು ಹೋಗಬಹುದು. ಸರ್ಕಾರವನ್ನು ಕಾಯಬೇಕಿಲ್ಲ. ಅದಕ್ಕೆ ಅನುಮತಿಯನ್ನೂ ಬೇಡಬೇಕಿಲ್ಲ ಎಂದು 2018ರ ಅಕ್ಟೋಬರಿನಲ್ಲಿ ಸುಪ್ರೀಂ ಕೋರ್ಟು ಹೇಳಿತ್ತು. ಆ ಮೊಕದ್ದಮೆಯೂ ನಮ್ಮ ಕರ್ನಾಟಕದ್ದೇ. ಹಲ್ಲೆಗೊಳಗಾದ ಮನುಷ್ಯ ಧಾರವಾಡ ಪೀಠದಲ್ಲಿ ಬಾಗಿಲು ಸಿಕ್ಕದೆ ದಿಲ್ಲಿಯವರೆಗೆ ಹೋದ. ಗೆಲುವಿನ ತೀರ್ಪು ಬರುವ ಹೊತ್ತಿಗೆ ಆತ ಬದುಕಿರಲಿಲ್ಲ, ವಾರಸುದಾರರು ಅದನ್ನು ನಡೆಸಿದ್ದರು. ವಿಚಿತ್ರವೆಂದರೆ ನೊಂದವರ ಈ ಹಕ್ಕಿಗೆ ಎಷ್ಟು ದಿನದ ಗಡುವು ಎಂಬುದನ್ನು ಆ ತಿದ್ದುಪಡಿಯಲ್ಲಿ ಬರೆದೇ ಇಲ್ಲ. ಬರೆದವರು ಮರೆತರೋ ಏನೋ. ಹಾಗೆಂದು ಎಷ್ಟು ದಿನವಾದರೂ ನಡೆಯುತ್ತದೆ ಎಂದಲ್ಲ, ಕೋರ್ಟು ಕಾರಣ ಕೇಳಿಯೇ ಕೇಳುತ್ತದೆ.

ಆಕೆಯನ್ನು ತಾಲೂಕು ಕಾನೂನು ಸೇವಾ ಸಮಿತಿಗೆ ಕರೆದುಕೊಂಡು ಹೋದೆ. ಹೆಂಗಸರಿಗೆ, ಅವರ ವರಮಾನ ಎಷ್ಟೇ ಇರಲಿ, ಅಲ್ಲಿ ಉಚಿತವಾಗಿ ವಕೀಲರನ್ನು ಕೊಡುತ್ತಾರೆ. ಇದು ನಮ್ಮಲ್ಲಿ ಎಷ್ಟು ಜನರಿಗೆ ಗೊತ್ತು? ನನಗಂತೂ ಐವತ್ತರ ಹತ್ತಿರ ಬಂದ ಮೇಲೆ ಗೊತ್ತಾಯಿತು. ಅಲ್ಲಿ ಕೊಟ್ಟ ವಕೀಲೆ ಚಿಕ್ಕ ವಯಸ್ಸಿನ ಹುಡುಗಿ. ತಡವಾದದ್ದಕ್ಕೆ ಕಾರಣ ಏನು ಬರೆಯಲಿ ಎಂದು ಕೇಳಿದಳು. ಅಡುಗೆಯಾಕೆ ಮುರಿದು ಸೊಟ್ಟಗೆ ಕೂಡಿದ ಕೈಯನ್ನು ಮಡಿಲಲ್ಲಿಟ್ಟುಕೊಂಡು ಹೇಳಿದಳು, ‘ಯಾರೂ ಹೇಳಲಿಲ್ರೀ. ಗಿರಣ್ಯಾಗ ಕೇಳಿದೆ. ಮರುದಿನ ಅಕ್ಕೋರಿಗೆ ಹೇಳಿದೆ.’ ಆ ವಕೀಲೆ ಅಷ್ಟನ್ನೇ ಬರೆದಳು. ಜ್ವರವಿಲ್ಲ, ಸರ್ಟಿಫಿಕೇಟಿಲ್ಲ. ಜಿಲ್ಲಾ ನ್ಯಾಯಾಧೀಶರು ಎರಡನೆಯ ತಾರೀಖಿಗೇ ವಿಳಂಬವನ್ನು ಮನ್ನಿಸಿದರು.

ಎಂಟು ತಿಂಗಳು ತಡ ಮಾಡಿದ ಆಕೆ ಮತ್ತು ಆರು ತಿಂಗಳು ತಡ ಮಾಡಿದ ನಾನು. ದಿನ ಎಣಿಸಿದರೆ ಆಕೆಯ ತಪ್ಪೇ ದೊಡ್ಡದು. ಎಚ್ಚರಿದ್ದವರಿಗೆ ಮಾತ್ರ ಕಾನೂನು ನೆರವಾಗುತ್ತದೆ, ನಿದ್ದೆ ಮಾಡಿದವರಿಗಲ್ಲ ಎಂದು ವಕೀಲರು ಹಳೆಯ ಲ್ಯಾಟಿನ್ ಮಾತೊಂದನ್ನು ಹೇಳುತ್ತಾರೆ. ನಿದ್ದೆಯಲ್ಲೂ ಬೇರೆ ಬೇರೆ ಬಗೆ ಇದೆ ಎಂಬುದು ಆ ಮಾತು ಕಟ್ಟಿದವರಿಗೆ ಹೊಳೆದಿರಲಿಕ್ಕಿಲ್ಲ. ನಾಲ್ಕು ಮನೆಯ ಮುಸುರೆ ತಿಕ್ಕಿ, ಇನ್ನೂರು ಮಕ್ಕಳಿಗೆ ಸಾರು ಕುದಿಸಿ ಬಿದ್ದುಕೊಂಡವಳದೂ ನಿದ್ದೆ, ಊಟದ ಮೇಲೆ ಫ್ಯಾನು ಹಾಕಿಕೊಂಡು ಮಲಗಿದವಳದೂ ನಿದ್ದೆ. ಆಕೆಗೆ ತಿಳಿದಿರಲಿಲ್ಲ, ತಿಳಿದ ದಿನವೇ ಎದ್ದಳು. ನಾನು ಎರಡು ವಾರದಲ್ಲೇ ತಿಳಿದುಕೊಂಡು ಮಗ್ಗುಲು ಬದಲಾಯಿಸಿದೆ. ಗಂಡನ ಮನೆಯಲ್ಲಿ ಕೈಯಲ್ಲಿ ಬಸ್ಸಿನ ಹಣವೂ ಇಲ್ಲದೆ ಕುಳಿತ ಹೆಣ್ಣುಮಗಳು, ತೀರ್ಪಿನ ಭಾಷೆ ಓದಲು ಬಾರದವಳು, ಓದಿಸಲು ಹೋದರೆ ‘ಮನೆತನದ ಮಾನ’ ಎಂದು ಬಾಯಿ ಮುಚ್ಚಿಸಿಕೊಂಡವಳು, ಇವರ ತಡವನ್ನೂ ನನ್ನ ತಡವನ್ನೂ ಒಂದೇ ಅಳತೆಗೋಲಿನಿಂದ ಅಳೆದರೆ ಅನ್ಯಾಯ. ಆ ಅಳತೆ ಬೇರೆಯಾಗಿರಲೆಂದೇ ಮನ್ನಾ ಎಂಬ ಕಿಟಕಿ ಇದೆ. ನನ್ನಂಥವರು ಸುಳ್ಳು ಕಾಮಾಲೆ ಹಿಡಿದು ಆ ಕಿಟಕಿಯ ಮುಂದೆ ಸಾಲು ನಿಲ್ಲುವುದರಿಂದಲೇ, ನಿಜವಾಗಿ ನೊಂದವಳು ಬಂದು ನಿಂತಾಗ ಒಳಗಿರುವವರು ಸಂಶಯದಿಂದ ನೋಡುತ್ತಾರೆ. ಆ ಹುಡುಗನ ಅಜ್ಜಿ ಮುಂದೆ ನಿಜವಾಗಿ ತೀರಿಕೊಂಡಾಗ ನಾನು ಅವನ ಚೀಟಿಯನ್ನು ನಂಬಿರಲಿಲ್ಲ.

ಅಡುಗೆಯಾಕೆಯ ಅಪೀಲು ಕೊನೆಗೆ ವಜಾ ಆಯಿತು. ಸಾಕ್ಷಿ ಹೇಳುವವರು ಒಮ್ಮೆ ಬಾಯಿ ಮುಚ್ಚಿಕೊಂಡ ಮೇಲೆ ಮೇಲಿನ ಕೋರ್ಟಿನಲ್ಲಿಯೂ ಏನು ಮಾಡಲಾಗುತ್ತದೆ? ಆಕೆ ಮಾತ್ರ ಒಂದು ತಾರೀಖನ್ನೂ ತಪ್ಪಿಸಲಿಲ್ಲ. ಬೆಳಿಗ್ಗೆ ಅನ್ನಕ್ಕೆ ನೀರಿಟ್ಟು, ಜೊತೆಯವಳಿಗೆ ಒಲೆ ಒಪ್ಪಿಸಿ ಹೋಗುತ್ತಿದ್ದಳು. ತೀರ್ಪಿನ ಮರುದಿನ ಕೆಲಸಕ್ಕೆ ಬಂದಾಗ ನಾನು ಏನು ಹೇಳಬೇಕೆಂದು ತಿಳಿಯದೆ ನಿಂತೆ. ‘ಹೋಗ್ಲಿ ಬಿಡ್ರಿ ಅಕ್ಕೋರ, ನಾ ಹೋಗೋದಂತೂ ಹೋಗಿದ್ನೆಲ್ಲ’ ಎಂದು ಬೇಳೆ ತೊಳೆಯತೊಡಗಿದಳು.

ನನ್ನ ಹಾಳೆಗಳ ಕಥೆ ಅಷ್ಟರಲ್ಲಿ ಮುಗಿದಿತ್ತು. ಹಾಲಿನ ಕೇಂದ್ರದ ಭೇಟಿಯಾದ ವಾರವೇ ವಕೀಲರ ಬಳಿಗೆ ಹೋಗಿ, ಕಾಮಾಲೆ ಬೇಡ, ನಡೆದದ್ದನ್ನೇ ಬರೆಯೋಣ ಎಂದಿದ್ದೆ. ‘ಏನಂತ ಬರಿಯೋಣ್ರಿ?’ ಎಂದರು. ‘ಗೊತ್ತಿತ್ತು, ಮಾಡಲಿಲ್ಲ ಅಂತ.’ ಅವರು ಕನ್ನಡಕ ತೆಗೆದು ಒರೆಸಿಕೊಂಡು ನಕ್ಕರು. ‘ಮೇಡಂ, ಇದನ್ನ ಕೊಟ್ರ ಹೊಸ್ತಿಲದಾಗ ವಜಾ ಆಗ್ತದ.’ ಹಾಗಾದರೆ ವಜಾ ಆಗಬೇಕಾದದ್ದೇ ಅದು, ಅಲ್ಲವೇ ಎಂದು ನಾನು ಕೇಳಲಿಲ್ಲ. ಅವರ ಫೀಸು ಕೊಟ್ಟು ಎದ್ದು ಬಂದೆ.

ಓಣಿಯಲ್ಲಿ ಸುದ್ದಿ ಬೇರೆ ಬಣ್ಣದಲ್ಲಿ ಹಬ್ಬಿತು. ಟೀಚರು ದೊಡ್ಡ ಮನಸ್ಸು ಮಾಡಿದರು, ಬಡವನ ಮೇಲಿನ ಕೇಸು ಬಿಟ್ಟುಕೊಟ್ಟರು ಎಂದು. ಇದಕ್ಕೆ ಮಾತ್ರ ನಾನು ಕಂಡಕಂಡಲ್ಲಿ ತಕರಾರು ತೆಗೆದೆ. ಕ್ಷಮೆ ಎಂದರೆ 60 ದಿನದೊಳಗೆ, ಕೈಯಲ್ಲಿ ಶಕ್ತಿಯಿದ್ದಾಗ, ತಿಳಿದು ಮಾಡುವ ಕೆಲಸ. ಬಸ್ಸು ತಪ್ಪಿದ ಮೇಲೆ ‘ನಾನು ಊರಿಗೆ ಹೋಗದಿರಲು ನಿರ್ಧರಿಸಿದೆ’ ಎಂದು ಹೇಳಿಕೊಂಡು ತಿರುಗಿದರೆ ಹೇಗೆ? ‘ನಾ ಬಿಟ್ಟಿಲ್ಲ, ಕಳಕೊಂಡೆ’ ಎಂದರೆ ಜನ ಅದನ್ನೂ ವಿನಯವೆಂದೇ ತಿಳಿದರು. ಒಮ್ಮೆ ಹರಡಿದ ಒಳ್ಳೆಯ ಹೆಸರನ್ನು ಹಿಂದಕ್ಕೆ ಪಡೆಯುವುದು ಕೆಟ್ಟ ಹೆಸರನ್ನು ಅಳಿಸುವಷ್ಟೇ ಕಷ್ಟವೆಂದು ಕಂಡುಕೊಂಡೆ.

ಈಗ ಸಂಹಿತೆಯೇ ಬದಲಾಗಿದೆ. 2024ರ ಜುಲೈ ಒಂದರಿಂದ ಹಳೆಯದರ ಜಾಗದಲ್ಲಿ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ ಬಂದಿದೆ. ಕಲಮುಗಳ ಸಂಖ್ಯೆ ಬದಲಾದರೂ ಆ 60 ದಿನ ಹಾಗೆಯೇ ಉಳಿದಿದೆ. 2025ರಲ್ಲಿ ಸುಪ್ರೀಂ ಕೋರ್ಟು ಚೆಕ್ ಮೊಕದ್ದಮೆಯ ಫಿರ್ಯಾದಿಯೂ ನೊಂದವರೇ, ಅವರೂ ವಿಶೇಷ ಅನುಮತಿಯಿಲ್ಲದೆ ಅಪೀಲು ಹೋಗಬಹುದು ಎಂದು ಹೇಳಿದೆಯಂತೆ. ಪತ್ರಿಕೆಯಲ್ಲಿ ಓದಿದ ನಮ್ಮವರು ‘ನೋಡು, ನಿನ್ನಂಥವರಿಗೆ ಬಾಗಿಲು ದೊಡ್ಡದಾಯಿತು’ ಎಂದು ಚುಡಾಯಿಸಿದರು. ನನಗೆ ಬಾಗಿಲು ಚಿಕ್ಕದಾಗಿತ್ತು ಎಂದು ನಾನು ಎಂದಾದರೂ ದೂರಿದ್ದೆನೆ? ನಾನು ಬಾಗಿಲವರೆಗೆ ಹೋಗಿರಲೇ ಇಲ್ಲ.

ಆತನ ಮಗಳ ಮದುವೆ 2019ರ ಮೇ ತಿಂಗಳಲ್ಲಿ ನಡೆಯಿತು. ಗಂಡಹೆಂಡತಿ ಇಬ್ಬರೂ ಬಂದು ಅಕ್ಷತೆಯಿಟ್ಟು ಕರೆದರು. ಹುಡುಗಿ ನನ್ನ ವಿದ್ಯಾರ್ಥಿನಿ, ಹೋಗದಿದ್ದರೆ ಹೇಗೆ? ಹೋದೆ, 501 ರೂಪಾಯಿ ಮುಯ್ಯಿ ಮಾಡಿದೆ. ಪಂಕ್ತಿಯಲ್ಲಿ ಕುಳಿತಾಗ ಆತನೇ ತುಪ್ಪದ ಪಾತ್ರೆ ಹಿಡಿದು ಬಂದ. ನನ್ನ ಎಲೆಯ ಮುಂದೆ ಒಂದು ಕ್ಷಣ ನಿಂತ. ಹೋಳಿಗೆಯ ಮೇಲೆ ಒಂದು ಚಮಚ ಹಾಕಿ, ಸಾಕು ಎಂದರೂ ಇನ್ನೊಂದು ಹಾಕಿದ. ಹಣದ ಮಾತನ್ನು ಅವನೂ ಎತ್ತಲಿಲ್ಲ, ನಾನೂ ಎತ್ತಲಿಲ್ಲ.